ಮನೆಯ ನಾಯಿ ಎಷ್ಟು ವರ್ಷ ಬಾಳೀತು?



ಸೋಂದೆಯ ನಮ್ಮ ಮನೆಯ ಅಟ್ಟದ ಮೇಲೆ ಅಪ್ಪಯ್ಯನ ಕಾಲದ ಲೆಕ್ಕದ ವಹಿಗಳ ಒಂದು ಗಂಟು ಇದೆ. ಶಿರಸಿಯ ವಕಾರಿಗೆ ಅಡಿಕೆ ಒಯ್ದದ್ದು, ಕೊನೆಗೌಡನಿಗೆ ಕೊಟ್ಟದ್ದು, ಮೈಲುತುತ್ತ ತಂದದ್ದು, ಎಲ್ಲವೂ ಅದರಲ್ಲಿ ಇದೆ. ಒಂದು ವಹಿಯ ಕೊನೆಯ ಹಾಳೆಯನ್ನು ಮಾತ್ರ ಅವರು ಬೇರೆ ಕೆಲಸಕ್ಕೆ ಇಟ್ಟಿದ್ದರು. ಮನೆಯಲ್ಲಿ ಸಾಕಿದ ನಾಯಿಗಳ ಹೆಸರು, ಬಂದ ವರ್ಷ, ಹೋದ ವರ್ಷ, ಹೋದದ್ದಕ್ಕೆ ಕಾರಣ. ಅಡಿಕೆಯ ಲೆಕ್ಕ ಬರೆಯುವ ಕೈಯಲ್ಲೇ ಅದನ್ನೂ ಬರೆದಿದ್ದಾರೆ. ಒಂದು ಮಾತು ಹೆಚ್ಚಿಲ್ಲ, ಕಡಿಮೆಯಿಲ್ಲ.

ಕರಿಯ, 1974ರಿಂದ 1979. ಇಲಿಪಾಷಾಣ.
ರಾಜಾ, 1980ರಿಂದ 1983. ಹುಚ್ಚು.
ಬೊಗ್ಗ, 1984ರಿಂದ 1987. ಚಿರತೆ.
ಕೆಂಪಿ, 1988ರಿಂದ 2002. ಮುಪ್ಪು.

ಇದರ ಕೆಳಗೆ ನನ್ನ ಕೈಬರಹದ ಎರಡು ಸಾಲುಗಳಿವೆ. ಭೀಮ, 2009ರಿಂದ 2016. ಆಮೇಲೆ ಕಾಳು, 2016ರಿಂದ. ಅದರ ಮುಂದಿನ ಜಾಗ ಇನ್ನೂ ಖಾಲಿ ಇದೆ.

ಈ ಹಾಳೆಯನ್ನು ನೋಡಿದಾಗಲೆಲ್ಲ ನನಗೆ ಒಂದು ಸಂಗತಿ ಚುಚ್ಚುತ್ತದೆ. ಐದು ನಾಯಿ ಹೋದವು, ಮುಪ್ಪಾಗಿ ಹೋದದ್ದು ಒಂದೇ. ಉಳಿದ ನಾಲ್ಕರಲ್ಲಿ ಮೂರನ್ನು ನಾವೇ ಉಳಿಸಿಕೊಳ್ಳಬಹುದಿತ್ತು. ನಾಲ್ಕನೆಯದಾದ ಭೀಮನ ಮಾತು ಸ್ವಲ್ಪ ಬೇರೆ. ಅದನ್ನು ಹೇಳಿಕೊಂಡೇ ಮುಂದೆ ಹೋಗುತ್ತೇನೆ.

ಕೆಂಪಿ ಸತ್ತ ಮೇಲೆ ನಮ್ಮ ಆಯಿ ಇನ್ನು ಈ ಮನೆಗೆ ನಾಯಿ ಬೇಡ ಅಂದುಬಿಟ್ಟಳು. ಏಳು ವರ್ಷ ನಾಯಿಯಿಲ್ಲದೆ ಕಳೆದೆವು. ತೋಟಕ್ಕೆ ಮಂಗ, ಗದ್ದೆಗೆ ಹಂದಿ, ಅಂಗಳದಲ್ಲಿ ಒಣಗಿಸಿದ ಅಡಿಕೆಗೆ ಕಾವಲಿಲ್ಲ. 2009ರಲ್ಲಿ ಬೆಂಗಳೂರಿನ ಸಂಬಂಧಿಕರೊಬ್ಬರು ಗ್ರೇಟ್ ಡೇನ್ ಎಂಬ ಜಾತಿಯ ಮರಿಯನ್ನು ತಂದುಕೊಟ್ಟರು. ವರ್ಷ ತುಂಬುವುದರೊಳಗೆ ಕರುವಿನಷ್ಟು ಎತ್ತರ ಆಯಿತು. ಅಡಿಕೆ ತೂಗುವ ಕಾಟಾದ ಮೇಲೆ ನಿಲ್ಲಿಸಿದರೆ ಐವತ್ತೆಂಟು ಕಿಲೋ. ನೆರೆಮನೆಯ ಹೆಗಡೇರು ದಣಪೆಯ ಆಚೆ ನಿಂತೇ, ‘ಎಂತಾ ನಾಯಿ ಮಾರಾಯಾ, ಕರು ಇದ್ದಾಂಗೆ ಇದ್ದಲೋ!’ ಎಂದು ಕೂಗಿದರು. ನನಗೂ ಹೆಮ್ಮೆಯೇ. ಇಷ್ಟು ದೊಡ್ಡ ನಾಯಿ, ಕೆಂಪಿಗಿಂತ ಹೆಚ್ಚು ಕಾಲ ಬಾಳೀತು ಎಂದು ಯಾಕೋ ತಾನಾಗಿಯೇ ಅಂದುಕೊಂಡಿದ್ದೆ.

ಐದು ವರ್ಷ ದಾಟುತ್ತಲೇ ಭೀಮನ ಮೂತಿ ಬಿಳಿಚತೊಡಗಿತು. ಆರಕ್ಕೆ ಹಿಂಗಾಲು ಎಳೆಯುತ್ತಿತ್ತು. ಏಳಕ್ಕೆ ಒಂದು ಸಂಜೆ ಹೊಟ್ಟೆ ತುಂಬ ಅನ್ನ ತಿಂದ ಕೂಡಲೆ ಮಂಗಗಳ ಹಿಂದೆ ತೋಟದ ತುದಿಯವರೆಗೆ ಓಡಿ ಬಂತು. ಸ್ವಲ್ಪ ಹೊತ್ತಿಗೆ ಹೊಟ್ಟೆ ಡೋಲಿನ ಹಾಗೆ ಉಬ್ಬಿತು. ವಾಂತಿ ಮಾಡಲು ನೋಡುತ್ತದೆ, ಏನೂ ಬರುವುದಿಲ್ಲ. ಅಜೀರ್ಣ ಇರಬೇಕೆಂದು ನಾನು ಜೀರಿಗೆ ಕಷಾಯ ಕುಡಿಸಿ ಮಲಗಿದೆ. ಬೆಳಗಾಗುವುದರೊಳಗೆ ಸತ್ತಿತ್ತು. ಎದೆ ಆಳವಾಗಿರುವ ದೊಡ್ಡ ನಾಯಿಗಳಿಗೆ ಹೀಗೆ ಜಠರ ಗಾಳಿ ತುಂಬಿ ತಿರುಚಿಕೊಳ್ಳುವುದುಂಟು ಎಂದೂ, ಕೆಲವೇ ತಾಸುಗಳಲ್ಲಿ ಶಸ್ತ್ರಕ್ರಿಯೆ ಆಗದಿದ್ದರೆ ಉಳಿಯುವುದಿಲ್ಲ ಎಂದೂ ನನಗೆ ಆಮೇಲೆ ತಿಳಿಯಿತು. ದಿನದ ಊಟವನ್ನು ಒಂದೇ ಸಲ ಹಾಕದೆ ಎರಡು ಮೂರು ಪಾಲು ಮಾಡಿದ್ದರೆ, ಊಟದ ಮೇಲೆ ಒಂದು ತಾಸು ಕಟ್ಟಿ ಹಾಕಿದ್ದರೆ, ಅಪಾಯ ಕಡಿಮೆ ಆಗುತ್ತಿತ್ತು.

ಆದರೆ ಆ ರಾತ್ರಿ ಉಳಿದಿದ್ದರೂ ಭೀಮ ಕೆಂಪಿಯ ಹದಿನಾಲ್ಕು ವರ್ಷವನ್ನು ಮುಟ್ಟುತ್ತಿರಲಿಲ್ಲ. ಆ ಜಾತಿಯ ಆಯುಷ್ಯವೇ ಏಳೆಂಟು ವರ್ಷ. ಹತ್ತಕ್ಕೆ ಮುಟ್ಟಿದರೆ ಹೆಚ್ಚು.

ಇದು ವಿಚಿತ್ರವಾಗಿ ಕಾಣುತ್ತದೆ. ಇಲಿ ಎರಡು ಮೂರು ವರ್ಷ, ದನ ಇಪ್ಪತ್ತು ವರ್ಷ, ಆನೆ ಅರವತ್ತು ಎಪ್ಪತ್ತು ವರ್ಷ. ಪ್ರಾಣಿ ದೊಡ್ಡದಾದಷ್ಟೂ ಆಯುಷ್ಯ ಹೆಚ್ಚು ಎಂದು ನಾವು ಕಂಡದ್ದು ಸುಳ್ಳಲ್ಲ. ಒಂದು ಜಾತಿಯ ಪ್ರಾಣಿಯನ್ನು ಇನ್ನೊಂದರ ಜೊತೆ ಹೋಲಿಸಿದರೆ ಅದು ನಿಜ. ಆದರೆ ನಾಯಿ ನಾಯಿಯನ್ನೇ ಹೋಲಿಸಿದರೆ ಲೆಕ್ಕ ತಿರುಗಿಬಿಡುತ್ತದೆ. ಚಿಕ್ಕ ನಾಯಿ ಹೆಚ್ಚು ವರ್ಷ, ದೊಡ್ಡ ನಾಯಿ ಕಡಿಮೆ ವರ್ಷ. 2013ರಲ್ಲಿ ಜರ್ಮನಿಯ ಗಟಿಂಗೆನ್ ವಿಶ್ವವಿದ್ಯಾಲಯದ ಕಾರ್ನೀಲಿಯಾ ಕ್ರೌಸ್ ಮತ್ತು ಅವರ ಜೊತೆಯವರು 74 ತಳಿಗಳ ಐವತ್ತು ಸಾವಿರಕ್ಕೂ ಹೆಚ್ಚು ನಾಯಿಗಳ ಸಾವಿನ ದಾಖಲೆಗಳನ್ನು ನೋಡಿದರು. ಮೈತೂಕ ಎರಡು ಕಿಲೋ ಹೆಚ್ಚಿದಂತೆ ಆಯುಷ್ಯದಲ್ಲಿ ಸುಮಾರು ಒಂದು ತಿಂಗಳು ಕಡಿಮೆ ಆಗುತ್ತದೆ ಎಂಬುದು ಅವರಿಗೆ ಕಂಡ ಲೆಕ್ಕ. ನಮ್ಮ ಕೆಂಪಿ ಹದಿನೆಂಟು ಕಿಲೋ ಇದ್ದಳು, ಭೀಮ ಐವತ್ತೆಂಟು. ನಲವತ್ತು ಕಿಲೋ ಅಂತರಕ್ಕೆ ಇಪ್ಪತ್ತು ತಿಂಗಳು ಬಂತು. ಇದು ಸರಾಸರಿಯ ಮಾತು, ನೆನಪಿರಲಿ. ತೀರ ದೊಡ್ಡ ತಳಿಗಳಲ್ಲಿ ನಷ್ಟ ಇದಕ್ಕಿಂತ ಹೆಚ್ಚಿರುತ್ತದೆ.

ಕಾರಣ ಏನು? ದೊಡ್ಡ ನಾಯಿ ಬೇಗ ಮುದಿಯಾಗುತ್ತದೆ ಎಂಬುದೇ ಆ ಅಭ್ಯಾಸದ ಉತ್ತರ. ಎಳೆತನದಲ್ಲಿ ಅದಕ್ಕೆ ಅಪಾಯ ಹೆಚ್ಚೆಂದಲ್ಲ. ಮುಪ್ಪು ಬಂದ ಮೇಲೆ ಓಡುತ್ತದೆ. ಅರ್ಧ ಕಿಲೋದಷ್ಟಿರುವ ಗ್ರೇಟ್ ಡೇನ್ ಮರಿ ವರ್ಷ ಒಂದೂವರೆ ವರ್ಷದಲ್ಲಿ ಅದರ ನೂರು ಪಟ್ಟು ಬೆಳೆಯಬೇಕು. ಅಷ್ಟು ವೇಗದ ಬೆಳವಣಿಗೆಗೆ ಮೈಯೊಳಗೆ ಒಂದು ರಸ ಬೇಕು. ಐಜಿಎಫ್-1 ಎಂದು ಅದನ್ನು ಕರೆಯುತ್ತಾರೆ. ದೊಡ್ಡ ನಾಯಿಗಳ ರಕ್ತದಲ್ಲಿ ಅದು ಹೆಚ್ಚು. ಚಿಕ್ಕ ನಾಯಿಗಳು ಚಿಕ್ಕದಾಗಿರುವುದಕ್ಕೆ ಈ ರಸದ ಬೀಜಾಂಶದಲ್ಲಿರುವ ಒಂದು ವ್ಯತ್ಯಾಸ ಮುಖ್ಯ ಕಾರಣವೆಂದು 2007ರಲ್ಲಿ ಗೊತ್ತಾಯಿತು. ಬೆಳೆಸುವ ಆ ರಸವೇ ಮುಪ್ಪನ್ನೂ, ಅರ್ಬುದ ರೋಗವನ್ನೂ ಹತ್ತಿರಕ್ಕೆ ತರುತ್ತದೆಂದು ತಿಳಿದವರ ಊಹೆ. ನಮ್ಮ ಕಡೆ ಆಕೇಶಿಯಾ ಹತ್ತು ವರ್ಷಕ್ಕೆ ಮರವಾಗುತ್ತದೆ, ಹೊನ್ನೆಗೆ ಒಂದು ತಲೆಮಾರು ಬೇಕು. ಹೋಲಿಕೆ ಪೂರ್ತಿ ಹೊಂದಲಾರದು, ಆದರೂ ಅಂದಾಜಿಗೆ ಸಾಕು.

ನಾಯಿಯ ಒಂದು ವರ್ಷ ಮನುಷ್ಯನ ಏಳು ವರ್ಷಕ್ಕೆ ಸಮ ಎಂದು ಹೇಳುವುದನ್ನು ಕೇಳಿದ್ದೀರಿ. ಅದು ಸರಿಯಲ್ಲ. ಮೊದಲ ವರ್ಷಕ್ಕೇ ನಾಯಿ ಹದಿನೈದರ ಹುಡುಗನಷ್ಟಾಗುತ್ತದೆ, ಎರಡನೆಯ ವರ್ಷ ಮುಗಿಯುವಾಗ ಇಪ್ಪತ್ತನಾಲ್ಕರ ತರುಣ. ಅಲ್ಲಿಂದ ಮುಂದೆ ಚಿಕ್ಕ ನಾಯಿಗೆ ವರ್ಷಕ್ಕೆ ನಾಲ್ಕೈದು, ದೊಡ್ಡದಕ್ಕೆ ಏಳು ಅಥವಾ ಇನ್ನೂ ಹೆಚ್ಚು. ಹೀಗಾಗಿ ಏಳು ವರ್ಷದ ನಾಡನಾಯಿ ಇನ್ನೂ ದುಡಿಯುವ ಗಂಡಸು. ಏಳು ವರ್ಷದ ಭೀಮ ಊರುಗೋಲು ಹಿಡಿದ ಅಜ್ಜ. ಅಜ್ಜನನ್ನು ನಾನು ಮಂಗನ ಹಿಂದೆ ಓಡಿಸುತ್ತಿದ್ದೆ.

2024ರಲ್ಲಿ ಇಂಗ್ಲೆಂಡಿನಿಂದ ಇನ್ನೂ ದೊಡ್ಡ ಲೆಕ್ಕವೊಂದು ಹೊರಬಂತು. 5,84,734 ನಾಯಿಗಳನ್ನು ನೋಡಿದ್ದರು. ಎಲ್ಲ ಸೇರಿ ನಡುಮಟ್ಟದ ಆಯುಷ್ಯ ಹನ್ನೆರಡೂವರೆ ವರ್ಷ. ದನ ಕಾಯುವ ಲ್ಯಾಂಕಶೈರ್ ಹೀಲರ್ ಎಂಬ ಗಿಡ್ಡ ನಾಯಿಗೆ 15.4 ವರ್ಷ. ಕಾಕಸಸ್ ಗುಡ್ಡಗಳ ಭಾರಿ ಕುರಿನಾಯಿಗೆ 5.4 ವರ್ಷ. ಲ್ಯಾಬ್ರಡಾರ್ ದೊಡ್ಡದೇ, ಆದರೆ 13.1. ಮೂತಿ ಒಳಗೆ ಒತ್ತಿದಂತಿರುವ ಫ್ರೆಂಚ್ ಬುಲ್‌ಡಾಗ್ ಚಿಕ್ಕದು, ಆದರೆ 9.8. ಅಂದರೆ ತೂಕ ಒಂದೇ ಅಲ್ಲ, ಮುಖದ ಆಕಾರವೂ ಲೆಕ್ಕಕ್ಕೆ ಬರುತ್ತದೆ. ಮೂಗು ಮೋಟಾದ ನಾಯಿಗೆ ಉಸಿರಾಟವೇ ಕಷ್ಟ. ನಮ್ಮ ಏಪ್ರಿಲ್-ಮೇ ತಿಂಗಳ ಸೆಕೆಯಲ್ಲಿ ಅಂಥ ನಾಯಿಯನ್ನು ಸಾಕುವುದು ಅದಕ್ಕೆ ಮಾಡುವ ಹಿಂಸೆ ಎಂದೇ ನನ್ನ ಅಭಿಪ್ರಾಯ. ಉದ್ದ ಕೂದಲಿನ ಹಿಮದ ನಾಡಿನ ನಾಯಿಗಳ ಮಾತೂ ಅಷ್ಟೇ. ನಮ್ಮ ನಾಲ್ಕು ತಿಂಗಳ ಮಳೆಯಲ್ಲಿ ಅವುಗಳ ಕೂದಲು ಒಣಗುವುದೇ ಇಲ್ಲ. ಕಿವಿ ಸೋರುತ್ತದೆ, ಚರ್ಮ ಹುಣ್ಣಾಗುತ್ತದೆ.

ದೊಡ್ಡದು ಎಂದರೆ ಎತ್ತರವೋ ತೂಕವೋ ಎಂದು ಕೇಳಬಹುದು. ಲೆಕ್ಕ ಕಟ್ಟಿರುವುದು ತೂಕಕ್ಕೆ. ನಮ್ಮ ನಾಡಿನ ಮುಧೋಳ ನಾಯಿಯನ್ನು ನೋಡಿರಿ. ಎತ್ತರದಲ್ಲಿ ಯಾವ ಅಲ್ಸೇಷನ್‌ಗೂ ಕಡಿಮೆಯಿಲ್ಲ, ತೂಕ ಮಾತ್ರ ಇಪ್ಪತ್ತರಿಂದ ಇಪ್ಪತ್ತೆಂಟು ಕಿಲೋದ ಆಚೀಚೆ. ಮುಧೋಳದ ಹತ್ತಿರ ತಿಮ್ಮಾಪುರದಲ್ಲಿ ಪಶುವೈದ್ಯ ವಿಶ್ವವಿದ್ಯಾಲಯದ ಕೇಂದ್ರವೊಂದು ಈ ತಳಿಯನ್ನು ಶುದ್ಧವಾಗಿ ಉಳಿಸುವ ಕೆಲಸ ಮಾಡುತ್ತಿದೆ. ಒಳ್ಳೆಯ ನಾಯಿ. ಆದರೆ ಅದು ಬಯಲುಸೀಮೆಯಲ್ಲಿ ಮೊಲದ ಹಿಂದೆ ಓಡಲು ಹುಟ್ಟಿದ್ದು. ಮೈಮೇಲೆ ಕೊಬ್ಬಿಲ್ಲ, ಕೂದಲು ಗಿಡ್ಡ. ಸೋಂದೆಯ ಆಷಾಢದಲ್ಲಿ ಅದಕ್ಕೆ ಬೆಚ್ಚನೆಯ ಒಣ ಜಾಗ ಕೊಡುವ ಮನಸ್ಸಿದ್ದರೆ ಮಾತ್ರ ತನ್ನಿರಿ.

ನನ್ನನ್ನು ಕೇಳಿದರೆ, ತೋಟದ ಮನೆಗೆ ಹದಿನೈದರಿಂದ ಇಪ್ಪತ್ತು ಕಿಲೋ ತೂಗುವ ನಮ್ಮ ಊರಿನ ನಾಯಿಯೇ ಸಾಕು. ಬೊಗಳುವುದಕ್ಕೆ ಐವತ್ತು ಕಿಲೋ ಬೇಕಿಲ್ಲ.

ಆದರೆ ಇಲ್ಲಿ ಇನ್ನೊಂದು ತಪ್ಪು ತಿಳಿವಳಿಕೆ ಇದೆ. ನಾಡನಾಯಿ ಗಟ್ಟಿ, ಅದಕ್ಕೆ ಏನೂ ಆಗುವುದಿಲ್ಲ, ಬಿಟ್ಟರೂ ಬದುಕುತ್ತದೆ ಎನ್ನುತ್ತೇವೆ. 2016ರಲ್ಲಿ ಪ್ರಕಟವಾದ ಬಂಗಾಲದ ಒಂದು ಅಭ್ಯಾಸದಲ್ಲಿ ಬೀದಿನಾಯಿಗಳ 364 ಮರಿಗಳನ್ನು ಹುಟ್ಟಿದಾಗಿನಿಂದ ಗಮನಿಸಿದರು. ಏಳು ತಿಂಗಳ ಪ್ರಾಯಕ್ಕೆ ಉಳಿದದ್ದು ನೂರಕ್ಕೆ ಹತ್ತೊಂಬತ್ತು. ನಾವು ಬೀದಿಯಲ್ಲಿ ನೋಡುವ ಗಟ್ಟಿ ನಾಯಿ ಆ ಹತ್ತೊಂಬತ್ತರಲ್ಲಿ ಒಂದು. ಸತ್ತ ಎಂಬತ್ತೊಂದು ನಮ್ಮ ಕಣ್ಣಿಗೆ ಬೀಳುವುದಿಲ್ಲ. ಗಾತ್ರವು ನಾಯಿಗೆ ಎಷ್ಟು ವರ್ಷದ ಗಡುವು ಎಂಬುದನ್ನು ಹೇಳುತ್ತದೆ. ಆ ಗಡುವಿನವರೆಗೆ ಅದು ನಡೆದೀತೋ ಇಲ್ಲವೋ ಎಂಬುದು ಮನೆಯವರ ಕೈಯಲ್ಲಿದೆ. ನಮ್ಮ ಅಪ್ಪಯ್ಯನ ಹಾಳೆಯಲ್ಲಿ ಗಾತ್ರದಿಂದ ಸತ್ತ ನಾಯಿ ಒಂದೂ ಇಲ್ಲ, ನೋಡಿರಿ. ಎಲ್ಲವೂ ಹದಿನೈದು ಇಪ್ಪತ್ತು ಕಿಲೋದವು. ಆದರೂ ಮೂರು ನಾಯಿ ಐದು ವರ್ಷ ದಾಟಲಿಲ್ಲ.

ರಾಜಾನ ವಿಷಯ ಹೇಳುತ್ತೇನೆ. 1983ರ ಮಾರ್ಚ್ ತಿಂಗಳು. ಎರಡು ದಿನ ಮೂಲೆ ಸೇರಿ ಮಲಗಿದ್ದ ನಾಯಿ ಮೂರನೆಯ ದಿನ ಎದ್ದು ನನ್ನ ತಂಗಿಯ ಮೊಣಕಾಲಿಗೆ ಬಾಯಿ ಹಾಕಿತು. ಜೊಲ್ಲು ಸುರಿಯುತ್ತಿತ್ತು, ಧ್ವನಿ ಒಡೆದಿತ್ತು. ತಂಗಿಗೆ ಆಗ ಆರು ವರ್ಷ. ಆ ಕಾಲದಲ್ಲಿ ಹೊಕ್ಕಳಿನ ಸುತ್ತ ಹದಿನಾಲ್ಕು ಸೂಜಿ. ದಿನಾ ಅಪ್ಪಯ್ಯ ಅವಳನ್ನು ಎತ್ತಿಕೊಂಡು ಬಸ್ಸಿಗೆ ಹೋಗುವುದು, ಅವಳು ದಣಪೆ ದಾಟುವ ಮೊದಲೇ ಅಳುವುದು. ಅವಳು ಉಳಿದಳು. ರಾಜಾನಿಗೆ ವರ್ಷಕ್ಕೊಂದು ಸೂಜಿ ಹಾಕಿಸಿದ್ದರೆ ಇದು ಯಾವುದೂ ಆಗುತ್ತಿರಲಿಲ್ಲ. ಆ ಹಳೆಯ ಔಷಧವನ್ನು ನಮ್ಮ ದೇಶದಲ್ಲಿ 2004ರ ಕೊನೆಗೆ ನಿಲ್ಲಿಸಿದರು. ಈಗ ತೋಳಿಗೆ ಹಾಕುವ ಸೂಜಿ, ನಾಲ್ಕೈದು ಸಲ. ನಾಯಿ ಕಚ್ಚಿದರೆ ಮೊದಲು ಸೋಪು ಹಚ್ಚಿ ಹರಿಯುವ ನೀರಿನಲ್ಲಿ ಹದಿನೈದು ನಿಮಿಷ ಗಾಯ ತೊಳೆಯಿರಿ. ಅರಿಸಿನ, ಸುಣ್ಣ, ಕಾಫಿ ಪುಡಿ ಮೆತ್ತಬೇಡಿರಿ. ಅದೇ ದಿನ ಆಸ್ಪತ್ರೆಗೆ ಹೋಗಿರಿ; ಕಚ್ಚಿದ್ದು ನಮ್ಮ ಮನೆಯದೇ ನಾಯಿ ಎಂದು ತಡಮಾಡಬೇಡಿರಿ. ಹುಚ್ಚಿನ ಲಕ್ಷಣ ಮನುಷ್ಯನಲ್ಲಿ ಕಾಣಿಸಿಕೊಂಡ ಮೇಲೆ ಯಾವ ಮದ್ದೂ ನಾಟುವುದಿಲ್ಲ. ನಾಯಿಗೆ ಮೂರು ತಿಂಗಳಿಗೆ ಮೊದಲ ಸೂಜಿ, ಆಮೇಲೆ ವರ್ಷಕ್ಕೊಮ್ಮೆ. ಸೆಪ್ಟೆಂಬರ್ 28 ವಿಶ್ವ ರೇಬಿಸ್ ದಿನ. ಆ ಸುಮಾರಿಗೆ ಪಶು ಆಸ್ಪತ್ರೆಗಳಲ್ಲಿ ಶಿಬಿರ ನಡೆಸುವುದುಂಟು, ವಿಚಾರಿಸಿ ಇಟ್ಟುಕೊಳ್ಳಿರಿ.

ಅಪ್ಪಯ್ಯ ಬರೆಯದೇ ಬಿಟ್ಟ ಲೆಕ್ಕವೂ ಇದೆ. ಹೆಸರಿಡುವ ಮೊದಲೇ ಸತ್ತ ಮರಿಗಳದು. 1991ರಲ್ಲಿ ಕೆಂಪಿ ನಾಲ್ಕು ಮರಿ ಹಾಕಿದ್ದಳು. ಎರಡು ತಿಂಗಳಿಗೆ ಒಂದು ಮರಿ ವಾಂತಿ ಮಾಡಿತು, ಆಮೇಲೆ ದುರ್ವಾಸನೆಯ ರಕ್ತಭೇದಿ. ನಾಲ್ಕು ದಿನದಲ್ಲಿ ಮೂರು ಹೋದವು. ಅದು ಪಾರ್ವೊ ಎಂಬ ಅಂಟುಜಾಡ್ಯ. 1978ರ ಸುಮಾರಿಗೆ ಜಗತ್ತಿನಲ್ಲಿ ಹೊಸದಾಗಿ ಕಾಣಿಸಿಕೊಂಡದ್ದು ಬೇಗನೆ ನಮ್ಮ ದೇಶಕ್ಕೂ ಬಂತು. ನಮ್ಮ ಅಜ್ಜಂದಿರ ಕಾಲದ ನಾಯಿಗಳಿಗೆ ಇದು ಇರಲಿಲ್ಲ. ಹಾಗಾಗಿ ‘ಹಿಂದೆಲ್ಲ ಸೂಜಿ ಹಾಕಿಸುತ್ತಿದ್ದೆವೇ?’ ಎಂಬ ಮಾತಿಗೆ ಈಗ ಅರ್ಥವಿಲ್ಲ. ಆಕಳ ಕರುವಿಗೆ ಗಿಣ್ಣದ ಹಾಲು ಹೇಗೆ ರಕ್ಷೆಯೋ ನಾಯಿಮರಿಗೂ ತಾಯಿಯ ಮೊದಲ ಹಾಲು ಹಾಗೆಯೇ. ಆದರೆ ಆ ರಕ್ಷೆ ಕೆಲವು ವಾರಗಳಲ್ಲಿ ಕರಗುತ್ತ ಹೋಗುತ್ತದೆ. ಅದು ಇರುವಷ್ಟು ದಿನ ಸೂಜಿಯ ಔಷಧವನ್ನೂ ಕೆಲಸ ಮಾಡಗೊಡುವುದಿಲ್ಲ. ಯಾವ ಮರಿಗೆ ಯಾವ ವಾರ ಕರಗುತ್ತದೆಂದು ಹೇಳಲಾಗದು. ಅದಕ್ಕೇ ಒಂದೇ ಸೂಜಿ ಸಾಲದು. ಒಂದೂವರೆ ಎರಡು ತಿಂಗಳಿಗೆ ಮೊದಲನೆಯದು, ಅಲ್ಲಿಂದ ಮೂರು ನಾಲ್ಕು ವಾರಕ್ಕೊಮ್ಮೆ, ನಾಲ್ಕು ತಿಂಗಳು ತುಂಬುವವರೆಗೆ. ಪಾರ್ವೊ ಬಂದು ಹೋದ ಜಾಗದ ಮಣ್ಣಿನಲ್ಲಿ ಅದರ ಬೀಜ ತಿಂಗಳುಗಟ್ಟಲೆ ಇರುತ್ತದೆ. ಬ್ಲೀಚಿಂಗ್ ಪುಡಿಯ ನೀರಿನಿಂದ ತೊಳೆಯಿರಿ, ಹೊಸ ಮರಿಯನ್ನು ಸೂಜಿ ಮುಗಿಯುವವರೆಗೆ ಅಲ್ಲಿ ಬಿಡಬೇಡಿರಿ.

ಹೊಟ್ಟೆಯ ಹುಳುವಿನ ಮಾತಿಗೆ ಬಂದರೆ ನಮ್ಮ ಅಡಿಕೆಗೂ ಅದಕ್ಕೂ ಒಂದು ನಂಟಿದೆ. ಅಡಿಕೆಯಲ್ಲಿರುವ ಅರೆಕೊಲಿನ್ ಎಂಬ ಸತ್ವವನ್ನು ಹಿಂದೆ ನಾಯಿಯ ಲಾಡಿಹುಳು ಬೀಳಿಸಲು ಬಳಸುತ್ತಿದ್ದರು. ನ್ಯೂಜಿಲೆಂಡಿನಲ್ಲಿ 1959ರ ನಂತರ ಕುರಿನಾಯಿಗಳಿಗೆ ಊರೂರಿಗೆ ಹೋಗಿ ಅದನ್ನು ಕೊಡುತ್ತಿದ್ದರು. ಇದನ್ನು ಕೇಳಿ ಯಾರೂ ಮನೆಯ ನಾಯಿಗೆ ಅಡಿಕೆ ಅರೆದು ಹಾಕಬೇಡಿರಿ. ಅಳತೆ ತಪ್ಪಿದರೆ ಅದೇ ವಿಷ. ಈಗ ಅದಕ್ಕಿಂತ ಒಳ್ಳೆಯ ಗುಳಿಗೆಗಳಿವೆ. ಮರಿಗೆ ಎರಡು ವಾರದಿಂದಲೇ ಸುರುಮಾಡಿ ಹದಿನೈದು ದಿನಕ್ಕೊಮ್ಮೆ, ಮೂರು ತಿಂಗಳ ಮೇಲೆ ತಿಂಗಳಿಗೊಮ್ಮೆ, ದೊಡ್ಡದಾದ ಮೇಲೆ ಮೂರು ತಿಂಗಳಿಗೊಮ್ಮೆ. ಮಕ್ಕಳು ನಾಯಿಯ ಜೊತೆ ಮಣ್ಣಲ್ಲಿ ಆಡುವ ಮನೆಯಲ್ಲಿ ಇದನ್ನು ತಪ್ಪಿಸಬಾರದು.

ಉಣುಗಿನ ಬಗ್ಗೆ ನಾವು ತೀರ ಅಸಡ್ಡೆ. ಬೆಟ್ಟಕ್ಕೆ ದರಕು ತರಲು ಹೋದಾಗ ನಾಯಿಯೂ ಬರುತ್ತದೆ, ಮೈತುಂಬ ಹತ್ತಿಸಿಕೊಂಡು ತಿರುಗುತ್ತದೆ. ಉಣುಗು ರಕ್ತ ಹೀರುವುದಷ್ಟೇ ಅಲ್ಲ, ಜ್ವರವನ್ನೂ ಬಿತ್ತುತ್ತದೆ. ನಾಯಿ ಊಟ ಬಿಡುತ್ತದೆ, ಒಸಡು ಬಿಳಿಚುತ್ತದೆ, ಕೆಲವೊಮ್ಮೆ ಮೂಗಿನಿಂದ ರಕ್ತ ಬರುತ್ತದೆ. ಮೂಗಿನಿಂದ ರಕ್ತ ಬಂದರೆ ನಮ್ಮ ಕಡೆ ‘ಉಂಬಳ ಹೊಕ್ಕಿದ್ದು, ತಾನೇ ಬೀಳ್ತು’ ಎನ್ನುತ್ತೇವೆ. ಮಳೆಗಾಲದಲ್ಲಿ ಅದೂ ನಿಜ ಇರಬಹುದು. ಆದರೆ ಜೊತೆಗೆ ಜ್ವರ, ಮಂಕು ಇದ್ದರೆ ಅದು ಉಂಬಳವಲ್ಲ. ಬೇಗ ತೋರಿಸಿದರೆ ಅಗ್ಗದ ಔಷಧದಲ್ಲಿ ಗುಣವಾಗುವ ಜ್ವರ ಅದು; ತಡವಾದರೆ ರಕ್ತವೇ ಹುಟ್ಟುವುದಿಲ್ಲ. ನಾಯಿಯ ಕಂದು ಉಣುಗು ತನ್ನ ಆಯುಷ್ಯದ ಬಹುಪಾಲು ನಾಯಿಯ ಮೈಮೇಲೆ ಇರುವುದಿಲ್ಲ, ಗೋಡೆಯ ಬಿರುಕಿನಲ್ಲಿ, ನಾಯಿ ಮಲಗುವ ಗೋಣಿಯ ಕೆಳಗೆ ಇರುತ್ತದೆ. ಗೋಣಿಯನ್ನು ಬಿಸಿಲಿಗೆ ಹಾಕಿರಿ, ಬಿರುಕನ್ನು ಮೆತ್ತಿರಿ. ದನಕ್ಕೆಂದು ತಂದ ಔಷಧವನ್ನು ಅಂದಾಜಿನಲ್ಲಿ ನಾಯಿಗೆ ಬಳಿಯಬೇಡಿರಿ, ನಾಯಿ ನೆಕ್ಕುತ್ತದೆ. ಉಣುಗನ್ನು ಉಗುರಿನಿಂದ ಒರೆಯುವುದೂ ಬೇಡ. ಕಾಡಿನ ಉಣುಗಿನಿಂದ ಮಂಗನ ಕಾಯಿಲೆ ಬರುವ ಸೀಮೆ ನಮ್ಮದು, ಸಿದ್ದಾಪುರದವರಿಗೆ ಇದನ್ನು ಹೇಳಿಕೊಡಬೇಕಿಲ್ಲ.

ಕರಿಯ ಸತ್ತದ್ದು ಇಲಿಪಾಷಾಣದ ಉಂಡೆಯಿಂದ. ಪಣತದ ಮೂಲೆಯಲ್ಲಿ ಇಟ್ಟದ್ದು ಯಾರಿಗೂ ನೆನಪಿರಲಿಲ್ಲ. ವಿಷವನ್ನು ಬೆಕ್ಕು ನಾಯಿ ಮುಟ್ಟದ ಕಡೆ ಇಡಬೇಕು, ಬೆಳಿಗ್ಗೆ ಉಳಿದದ್ದನ್ನೂ ಸತ್ತ ಇಲಿಯನ್ನೂ ಹೂಳಬೇಕು. ಮಿರ್ಗದ ಮಳೆಯ ಹೊತ್ತಿಗೆ ಕೊಳೆರೋಗಕ್ಕೆ ಮದ್ದು ಹೊಡೆಯಲು ಮೈಲುತುತ್ತ ಕರಗಿಸಿ ಇಡುತ್ತೇವಲ್ಲ, ಆ ಪೀಪಾಯಿಗೂ ಮುಚ್ಚಳ ಇರಲಿ.

ಬೊಗ್ಗನನ್ನು ಚಿರತೆ ಒಯ್ದದ್ದು ದೀಪಾವಳಿ ಕಳೆದ ವಾರ. ಅಂಗಳದ ಕಂಬಕ್ಕೆ ಕಟ್ಟಿತ್ತು. ಬೆಳಿಗ್ಗೆ ಸರಪಳಿ ಮಾತ್ರ ಇತ್ತು. ಕಟ್ಟಿದ ನಾಯಿಗೆ ಓಡಲೂ ಆಗದು, ಅಡಗಲೂ ಆಗದು; ಅದನ್ನು ಚಿರತೆಗೆ ಬಡಿಸಿಟ್ಟ ಹಾಗೆ. ಆಮೇಲೆ ಕೆಂಪಿಯನ್ನು ಆಯಿ ರಾತ್ರಿ ಕೊಟ್ಟಿಗೆಯ ಒಳಗೆ, ಬಾಗಿಲು ಹಾಕಿಯೇ ಮಲಗಿಸುತ್ತಿದ್ದಳು. ಒಳಗಿನಿಂದ ಬೊಗಳಿದರೂ ನಮಗೆ ಕೇಳುತ್ತದೆ ಎಂಬುದು ಅವಳ ವಾದ. ಹದಿನಾಲ್ಕು ವರ್ಷಕ್ಕೆ ಆ ಬಾಗಿಲೂ ಒಂದು ಕಾರಣ.

ಕಾಡುಪ್ರಾಣಿಗೆ ನಾಯಿ ಬಲಿಯಾಗುವುದು ನಮ್ಮ ನಾಡಿನಲ್ಲಿ ಹೊಸತಲ್ಲ. ಮಂಡ್ಯ ಜಿಲ್ಲೆಯ ಆತಕೂರಿನಲ್ಲಿ ಒಂದು ಕಲ್ಲು ಸಿಕ್ಕಿತು, 949-50ರ ಸುಮಾರಿನದು. ರಾಷ್ಟ್ರಕೂಟರ ಮೂರನೆಯ ಕೃಷ್ಣನ ಕಾಲದಲ್ಲಿ ಮಣಲೇರ ಎಂಬ ವೀರ, ಯುದ್ಧದಲ್ಲಿ ತೋರಿದ ಶೌರ್ಯಕ್ಕೆ ಏನು ಬೇಕು ಕೇಳು ಎಂದಾಗ, ಕಾಳಿ ಎಂಬ ನಾಯಿಯನ್ನು ಕೇಳಿ ಪಡೆದನಂತೆ. ಆ ನಾಯಿಯನ್ನು ದೊಡ್ಡ ಹಂದಿಯೊಂದರ ಮೇಲೆ ಬಿಟ್ಟರು. ಹಂದಿಯೂ ನಾಯಿಯೂ ಎರಡೂ ಸತ್ತವು. ಅದರ ನೆನಪಿಗೆ ಕಲ್ಲು ನಿಲ್ಲಿಸಿ, ಅದನ್ನು ಪೂಜಿಸಲು ಭೂಮಿ ಬಿಟ್ಟು, ಪೂಜಿಸದೆ ಉಂಡರೆ ಪಾಪ ಎಂದು ಕೆತ್ತಿಸಿದರು. ಕಲ್ಲು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ಕಾಳಿಗೆ ಸಿಕ್ಕ ಗೌರವ ದೊಡ್ಡದು, ಸಂಶಯವಿಲ್ಲ. ಆದರೆ ನಮ್ಮ ಗದ್ದೆಯ ಹಂದಿಯ ಮೇಲೆ ನಾಯಿಯನ್ನು ಛೂ ಬಿಡುವ ಹುಡುಗರಿಗೆ ನಾನು ಹೇಳುವುದಿಷ್ಟೇ: ಕೋರೆ ತಾಗಿದ ನಾಯಿಯ ಹೊಟ್ಟೆ ಹೊಲಿಯುವುದಕ್ಕೆ ಶಿರಸಿಯವರೆಗೆ ಒಯ್ಯಬೇಕು, ದಾರಿಯಲ್ಲೇ ಮುಗಿಯುತ್ತದೆ.

ಇನ್ನು ಊಟ. ಅಮೆರಿಕದಲ್ಲಿ 1987ರಲ್ಲಿ ಸುರುವಾದ ಒಂದು ಪ್ರಯೋಗದಲ್ಲಿ 48 ಲ್ಯಾಬ್ರಡಾರ್ ಮರಿಗಳನ್ನು ಜೋಡಿ ಮಾಡಿದರು, ಒಂದೇ ಸೂಲಿನ ಅಣ್ಣತಮ್ಮ ಅಕ್ಕತಂಗಿಯರನ್ನು. ಜೋಡಿಯಲ್ಲಿ ಒಂದಕ್ಕೆ ಹಾಕಿದ್ದರಲ್ಲಿ ಕಾಲುಭಾಗ ಕಡಿಮೆ ಮಾಡಿ ಇನ್ನೊಂದಕ್ಕೆ ಹಾಕುತ್ತ ಸಾಯುವವರೆಗೂ ನಡೆಸಿದರು. ಹೆಚ್ಚು ತಿಂದವುಗಳ ನಡುಮಟ್ಟದ ಆಯುಷ್ಯ 11.2 ವರ್ಷ, ಕಡಿಮೆ ತಿಂದವುಗಳದು 13. ತೆಳ್ಳಗಿದ್ದವುಗಳಿಗೆ ಕೀಲುನೋವೂ ತಡವಾಗಿ ಬಂತು. ಔಷಧವಿಲ್ಲ, ಖರ್ಚಿಲ್ಲ, ಬಟ್ಟಲಿನಿಂದ ಒಂದು ತುತ್ತು ತೆಗೆದದ್ದಕ್ಕೆ ಸುಮಾರು ಎರಡು ವರ್ಷ. ನಿಮ್ಮ ನಾಯಿಯ ಪಕ್ಕೆಯ ಮೇಲೆ ಕೈಯಾಡಿಸಿರಿ. ಒತ್ತದೆಯೇ ಎಲುಬು ಬೆರಳಿಗೆ ಸಿಗಬೇಕು, ಕಣ್ಣಿಗೆ ಎದ್ದು ಕಾಣಬಾರದು. ಮೇಲಿನಿಂದ ನೋಡಿದರೆ ನಡು ಸಣ್ಣಗಾಗಿರಬೇಕು.

ನಮ್ಮ ಹಳ್ಳಿಗಳಲ್ಲಿ ನಾಯಿ ಕೊಬ್ಬುವುದು ಕಡಿಮೆ, ಬಡಕಲಾಗುವುದೇ ಹೆಚ್ಚು ಎಂದು ನೀವು ಹೇಳಬಹುದು. ನಿಜ. ಅದಕ್ಕೆ ಕಾರಣ ಊಟ ಕಡಿಮೆ ಆದದ್ದಲ್ಲ, ಊಟದಲ್ಲಿ ಸತ್ವ ಇಲ್ಲದ್ದು. ಹಾಳೆಯ ಮೇಲೆ ಅನ್ನ ಮಜ್ಜಿಗೆ ಸುರಿದರೆ ಹೊಟ್ಟೆ ತುಂಬುತ್ತದೆ, ಮೈ ತುಂಬುವುದಿಲ್ಲ. ಶಾಕಾಹಾರದ ಮನೆಯಲ್ಲೂ ನಾಯಿಯನ್ನು ಚೆನ್ನಾಗಿ ಸಾಕಬಹುದು. ಬೇಯಿಸಿದ ತೊಗರಿಬೇಳೆ, ಹುರುಳಿ, ಮೊಸರು ಅನ್ನದ ಜೊತೆ ದಿನವೂ ಬೀಳಲಿ. ಅಭ್ಯಂತರವಿಲ್ಲದವರು ಬೇಯಿಸಿದ ಮೊಟ್ಟೆ ಹಾಕಿರಿ. ನಮ್ಮ ಮನೆಯಲ್ಲಿ ಕೊಟ್ಟಿಗೆಯ ಹಿಂದೆ ಅದಕ್ಕೆ ಬೇರೆ ಪಾತ್ರೆ ಇದೆ, ಆಯಿ ನೋಡಿಯೂ ನೋಡದಂತೆ ಇರುತ್ತಾಳೆ. ಈರುಳ್ಳಿ, ಬೆಳ್ಳುಳ್ಳಿ, ದ್ರಾಕ್ಷಿ, ಚಾಕಲೇಟು ನಾಯಿಗೆ ವಿಷ. ಬೇಯಿಸಿದ ಕೋಳಿಯ ಎಲುಬು ಸೀಳಿ ಕರುಳಿಗೆ ಚುಚ್ಚುತ್ತದೆ. ಹಬ್ಬದ ಮರುದಿನ ಮಿಕ್ಕ ಹೋಳಿಗೆ, ಎಣ್ಣೆಯ ಪದಾರ್ಥ ಎಲ್ಲ ನಾಯಿಗೆ ಸುರಿಯುವುದೂ ಬೇಡ. ದೊಡ್ಡ ತಳಿಯ ಮರಿಯನ್ನು ಈಗಾಗಲೇ ತಂದವರು ಬೇಗ ಬೆಳೆಯಲೆಂದು ಹೆಚ್ಚು ತಿನ್ನಿಸಿ, ಸುಣ್ಣದ ಸತ್ವದ ಔಷಧ ಕುಡಿಸಬೇಡಿರಿ. ಎಲುಬು ಡೊಂಕಾಗುವುದು ಅದರಿಂದಲೇ.

ಕಾರ್ತಿಕ ಮಾಸದಲ್ಲಿ ಗಂಡುನಾಯಿಗಳು ಮನೆ ಬಿಟ್ಟು ವಾರಗಟ್ಟಲೆ ತಿರುಗುವುದು, ಹರಿದ ಕಿವಿ, ಕೊಳೆತ ಗಾಯ ಹೊತ್ತು ಬರುವುದು ನೀವೆಲ್ಲ ಕಂಡದ್ದೇ. ಕೆಲವು ಬರುವುದೇ ಇಲ್ಲ. ಹೆಣ್ಣಿಗೆ ವಯಸ್ಸಾದ ಮೇಲೆ ಗರ್ಭಕೋಶದಲ್ಲಿ ಕೀವು ತುಂಬಿ ಸಾಯುವ ರೋಗ ಇದೆ. ಸಂತಾನಹರಣದ ಶಸ್ತ್ರಕ್ರಿಯೆ ಮಾಡಿಸಿದರೆ ಎರಡೂ ತೊಂದರೆ ತಪ್ಪುತ್ತವೆ. ಮಾಘ ಮಾಸದಲ್ಲಿ ಮರಿಗಳನ್ನು ಚೀಲದಲ್ಲಿ ತುಂಬಿ ಶಿರಸಿ ಪೇಟೆಯಲ್ಲಿ ಬಿಟ್ಟು ಬರುವ ಪಾಪವೂ ತಪ್ಪುತ್ತದೆ.

ಎಷ್ಟು ವರ್ಷದವರೆಗೆ ನಾಯಿ ಬಾಳಬಹುದು ಎಂದು ಮಕ್ಕಳು ಕೇಳುತ್ತಾರೆ. ಆಸ್ಟ್ರೇಲಿಯದ ವಿಕ್ಟೋರಿಯಾ ಪ್ರಾಂತದಲ್ಲಿ ಬ್ಲೂಯಿ ಎಂಬ ದನಕಾಯುವ ನಾಯಿ 1910ರಿಂದ 1939ರವರೆಗೆ, ಇಪ್ಪತ್ತೊಂಬತ್ತು ವರ್ಷ ಐದು ತಿಂಗಳು ಬದುಕಿತ್ತು. ಅದರಲ್ಲಿ ಸುಮಾರು ಇಪ್ಪತ್ತು ವರ್ಷ ದನ ಕುರಿಗಳ ಹಿಂದೆ ಕೆಲಸ. ನಡುಗಾತ್ರದ ನಾಯಿ ಅದು. ಪೋರ್ಚುಗಲ್ಲಿನ ನಾಯಿಯೊಂದು ಮೂವತ್ತೊಂದು ದಾಟಿತೆಂದು ಸುದ್ದಿಯಾಗಿತ್ತು. ಸಾಕ್ಷಿ ಸಾಲದೆಂದು 2024ರಲ್ಲಿ ಆ ದಾಖಲೆಯನ್ನು ತೆಗೆದುಹಾಕಿದರು. ಅವರ ಮನೆಯಲ್ಲಿ ನಮ್ಮ ಅಪ್ಪಯ್ಯನ ವಹಿಯಂಥದ್ದು ಇರಲಿಲ್ಲವೆಂದು ತೋರುತ್ತದೆ.

ನಮ್ಮ ಕಾಳುವಿಗೆ ಈಗ ಒಂಬತ್ತು ದಾಟಿದೆ. ಹದಿನೇಳು ಕಿಲೋ. ಹಲ್ಲು ಸ್ವಲ್ಪ ಹಳದಿಯಾಗಿದೆ, ಮಂಗ ಕಂಡರೆ ಈಗಲೂ ಓಡುತ್ತದೆ. ಅದಕ್ಕೆ ಜೊತೆಯಾಗಲೆಂದು ಮೊನ್ನೆ ಊರಿನ ಮರಿಯೊಂದನ್ನು ತಂದಿದ್ದೇವೆ. ತಂದ ದಿನವೇ ಆಯಿ ವಹಿಯನ್ನು ಅಟ್ಟದಿಂದ ಇಳಿಸಿ, ‘ತಮಾ, ಸೂಜಿ ಹಾಕ್ಸಿದ ತಾರೀಖನ್ನೂ ಇದ್ರಲ್ಲೇ ಬರಿ’ ಎಂದಳು. ಹಾಗಾಗಿ ಆ ಹಾಳೆಯಲ್ಲಿ ಈಗ ಹೊಸದೊಂದು ಸಾಲು ಎಳೆದಿದ್ದೇನೆ. ಮೊದಲ ಸೂಜಿ ಆಗಿದೆ. ಎರಡನೆಯದಕ್ಕೆ ಮುಂದಿನ ಬುಧವಾರ ಶಿರಸಿಯ ಪಶು ಆಸ್ಪತ್ರೆಗೆ ಹೋಗುತ್ತೇವೆ. ಕೇರಿಯ ಎರಡು ಮನೆಯವರು ತಮ್ಮ ಮರಿಗಳನ್ನೂ ಕೊಡುತ್ತೇವೆ ಎಂದಿದ್ದಾರೆ. ಜೀಪಿನಲ್ಲಿ ಇನ್ನೂ ಜಾಗ ಇದೆ.